ಉಜಾಲಾ ಉಳಿತಾಯ: ದಿನಕ್ಕೆ ಎಷ್ಟು ಗಂಟೆ?

ಕೇಂದ್ರ ಸರ್ಕಾರ 2015ರ ಜನವರಿಯಲ್ಲಿ ಆರಂಭಿಸಿದ ಉಜಾಲಾ ಯೋಜನೆ ಕರ್ನಾಟಕದಲ್ಲಿ ‘ಹೊಸ ಬೆಳಕು’ ಎಂಬ ಹೆಸರಿನಲ್ಲಿ ಮನೆಗಳನ್ನು ತಲುಪಿತು. ಏಳು ವರ್ಷ ತುಂಬಿದಾಗ ಅದರ ದೇಶವ್ಯಾಪಿ ಸಾಧನೆಯ ಅಂಕಿಗಳು ಹೊರಬಂದವು. ಹಂಚಿದ ಎಲ್‌ಇಡಿ ಬಲ್ಬುಗಳು 36.78 ಕೋಟಿ, ವರ್ಷಕ್ಕೆ ಉಳಿಯುವ ವಿದ್ಯುತ್ತು ಸುಮಾರು 4,778 ಕೋಟಿ ಯೂನಿಟ್, ಬೇಡಿಕೆ ತುತ್ತತುದಿಗೇರುವ ಹೊತ್ತಿನಲ್ಲಿ ತಗ್ಗಿದ ಹೊರೆ 9,565 ಮೆಗಾವ್ಯಾಟ್. ಮೊದಲನೆಯದು ಎಣಿಸಿದ ಅಂಕಿ, ಉಳಿದೆರಡು ಅಂದಾಜು. ಭಾಷಣಗಳಲ್ಲೂ ವರದಿಗಳಲ್ಲೂ ಮೂರಕ್ಕೂ ಒಂದೇ ಮರ್ಯಾದೆ ಸಿಗುತ್ತಿದೆ. ನನ್ನ ತಕರಾರು ಇರುವುದು ಅಲ್ಲಿ.

ಇಂಥ ಅಂದಾಜಿನ ಸೂತ್ರ ಸರಳ. ಹಳೆಯ ದೀಪದ ವ್ಯಾಟಿನಿಂದ ಹೊಸದರ ವ್ಯಾಟನ್ನು ಕಳೆದು, ದಿನಕ್ಕೆ ಉರಿಯುವ ಗಂಟೆ, ವರ್ಷದ ದಿನಗಳು, ಬಲ್ಬುಗಳ ಸಂಖ್ಯೆ ಇವುಗಳಿಂದ ಗುಣಿಸುವುದು. ವ್ಯಾಟು ಪೆಟ್ಟಿಗೆಯ ಮೇಲೆ ಅಚ್ಚಾಗಿರುತ್ತದೆ, ಬಲ್ಬಿನ ಲೆಕ್ಕ ಮಾರಾಟದ ಪುಸ್ತಕದಲ್ಲಿರುತ್ತದೆ. ಗಂಟೆ ಮಾತ್ರ ಯಾವ ಕಾಗದದಲ್ಲೂ ಇಲ್ಲ. ಅದನ್ನು ಮನೆಯೊಳಗೆ ಹೋಗಿಯೇ ತಿಳಿಯಬೇಕು.

ಪ್ರಕಟವಾದ ಅಂಕಿಗಳನ್ನು ಹಿಂದುಮುಂದಾಗಿ ಲೆಕ್ಕ ಹಾಕಿದರೆ ಆ ಗಂಟೆ ಹೊರಬೀಳುತ್ತದೆ. ಒಟ್ಟು ಉಳಿತಾಯವನ್ನು ಬಲ್ಬುಗಳಿಗೆ ಹಂಚಿದರೆ ತಲಾ ವರ್ಷಕ್ಕೆ 130 ಯೂನಿಟ್. ಪ್ರತಿ 9 ವ್ಯಾಟಿನ ಎಲ್‌ಇಡಿಯೂ 60 ವ್ಯಾಟಿನ ಬುರುಡೆ ಬಲ್ಬನ್ನೇ ಕೆಳಗಿಳಿಸಿತು ಎಂದು ಧಾರಾಳವಾಗಿ ಒಪ್ಪಿದರೂ, ಇಷ್ಟು ಉಳಿಯಲು ಅದು ವರ್ಷದ ಎಲ್ಲ ದಿನ ಏಳು ಗಂಟೆ ಉರಿಯಬೇಕು. ಹಜಾರದ ಒಂದು ದೀಪ ಹಾಗೆ ಉರಿದೀತು. ಬಚ್ಚಲು, ದೇವರಕೋಣೆ, ಮೆಟ್ಟಿಲ ಕೆಳಗಿನ ದೀಪಗಳೂ ಸೇರಿ ಸರಾಸರಿ ಏಳು ಗಂಟೆ ಎಂಬುದನ್ನು ಮನೆ ನಡೆಸುವ ಯಾರೂ ಒಪ್ಪಲಾರರು.

ಇನ್ನೊಂದು ಬಿರುಕು ಇದಕ್ಕಿಂತ ಆಳವಾದದ್ದು. 9,565 ಮೆಗಾವ್ಯಾಟನ್ನು ಹಂಚಿದರೆ ಬಲ್ಬಿಗೆ 26 ವ್ಯಾಟ್ ಬರುತ್ತದೆ. ಅಂದರೆ ದೀಪ ಅತಿ ಹೆಚ್ಚು ಬೇಕಾದ ಸಂಜೆಯ ಹೊತ್ತಿನಲ್ಲೂ ಅರ್ಧದಷ್ಟು ಬಲ್ಬುಗಳು ಮಾತ್ರ ಉರಿಯುತ್ತಿರುತ್ತವೆ ಎಂಬ ಊಹೆ. ಊಹೆ ವಿವೇಕದ್ದೇ. ಆದರೆ ಈ ಮಟ್ಟದ ಉಳಿತಾಯದಿಂದ 4,778 ಕೋಟಿ ಯೂನಿಟ್ ಕೂಡಬೇಕಾದರೆ ಆ ಸಂಜೆಯ ಸ್ಥಿತಿ ದಿನಕ್ಕೆ ಹದಿಮೂರೂವರೆ ಗಂಟೆಗೂ ಮೀರಿ ಮುಂದುವರಿಯಬೇಕು! ಒಂದೇ ಪ್ರಕಟಣೆಯ ಎರಡು ಅಂಕಿಗಳು ಹೀಗೆ ಒಂದನ್ನೊಂದು ಅಲ್ಲಗಳೆಯುತ್ತವೆ. ಇದನ್ನು ತೋರಿಸಲು ಭಾಗಾಕಾರ ಸಾಕು.

ಎಚ್ಚರದ ಲೆಕ್ಕಕ್ಕೆ ನಮ್ಮಲ್ಲೇ ಮಾದರಿಯಿತ್ತು. 2009ರ ಬಚತ್ ಲ್ಯಾಂಪ್ ಯೋಜನೆಯಲ್ಲಿ ಬುರುಡೆ ಬಲ್ಬು ಒಪ್ಪಿಸಿದವರಿಗೆ ಸಿಎಫ್‌ಎಲ್ ಸಿಗುತ್ತಿತ್ತು. ಇಂಗಾಲದ ಉಳಿತಾಯವನ್ನು ಮಾರಬೇಕಿದ್ದುದರಿಂದ ಅದು ವಿಶ್ವಸಂಸ್ಥೆಯ ನಿಯಮಕ್ಕೆ ಬದ್ಧವಾಗಿತ್ತು. ಅಳತೆ ಮಾಡದಿದ್ದರೆ ದಿನಕ್ಕೆ 3.5 ಗಂಟೆ ಎಂದಷ್ಟೇ ಹಿಡಿಯಬೇಕು ಎಂಬುದು ಆ ನಿಯಮ. ಅದೇ ಗಂಟೆಯನ್ನು ಇಲ್ಲಿ ಹಾಕಿದರೆ ಬಲ್ಬಿನ ಉಳಿತಾಯ 65 ಯೂನಿಟ್ಟಿಗೆ, ಸರಿಯಾಗಿ ಅರ್ಧಕ್ಕೆ ಇಳಿಯುತ್ತದೆ. ಹೊಸ ಬಲ್ಬು ಕೂತದ್ದು 14 ವ್ಯಾಟಿನ ಸಿಎಫ್‌ಎಲ್ ಇದ್ದ ಹೋಲ್ಡರಿನಲ್ಲಾದರೆ ಅದು ವರ್ಷಕ್ಕೆ ಆರೇಳು ಯೂನಿಟ್ ಮಾತ್ರ. 2015ರ ಹೊತ್ತಿಗೆ ಪಟ್ಟಣದ ಎಷ್ಟೋ ಮನೆಗಳಿಗೆ ಸಿಎಫ್‌ಎಲ್ ಬಂದಾಗಿತ್ತು. ಇನ್ನು ಕೆಟ್ಟುಹೋದ, ಅಲಮಾರಿನಲ್ಲೇ ಉಳಿದ ಬಲ್ಬುಗಳು. ಹಂಚಿಕೆಯ ಮೊತ್ತದಿಂದ ಅವು ಕಳೆದುಹೋಗುವುದಿಲ್ಲ.

ಹಾಗೆಂದು ಯೋಜನೆ ಸೋತಿತು ಎನ್ನಲು ನನಗೆ ಮನಸ್ಸಿಲ್ಲ, ಆಧಾರವೂ ಇಲ್ಲ. ಸಗಟು ಖರೀದಿಯಿಂದ ಒಂದು ಬಲ್ಬಿನ ದರ 310 ರೂಪಾಯಿಯಿಂದ 38ಕ್ಕೆ ಬಿತ್ತು. ಅದರಿಂದ ಅಂಗಡಿಯ ಬೆಲೆಯೂ ಇಳಿದು, ಯೋಜನೆಯ ಹೆಸರನ್ನೇ ಕೇಳದವರೂ ಎಲ್‌ಇಡಿ ಕೊಂಡರು. ನನ್ನ ದೃಷ್ಟಿಯಲ್ಲಿ ಉಜಾಲಾದ ದೊಡ್ಡ ಸಾಧನೆ ಇದು. ವಿಷಾದವೆಂದರೆ ಹಂಚಿದ ಬಲ್ಬುಗಳನ್ನಷ್ಟೇ ಗುಣಿಸುವ ಲೆಕ್ಕಕ್ಕೆ ಇದು ಸಿಗುವುದೇ ಇಲ್ಲ. ಮನೆಯಲ್ಲಿ ಉಳಿದ ಒಂದು ಯೂನಿಟ್ ಸಾಗಣೆಯ ನಷ್ಟವನ್ನೂ ತಪ್ಪಿಸಿ ವಿದ್ಯುತ್ ಸ್ಥಾವರದಲ್ಲಿ ಒಂದಕ್ಕಿಂತ ಹೆಚ್ಚು ಉಳಿಸುತ್ತದೆ. ಉತ್ಪ್ರೇಕ್ಷೆಯ ಪಕ್ಕದಲ್ಲೇ ಇಂಥ ನಿಜವಾದ ಲಾಭಗಳನ್ನೂ ತೂಗಿ ನೋಡಬೇಕು.

ನಾಳೆಗೆ ಎಷ್ಟು ವಿದ್ಯುತ್ ಕೊಳ್ಳಬೇಕೆಂದು ವಿದ್ಯುತ್ ಸರಬರಾಜು ಕಂಪನಿಗಳಾದ ಎಸ್ಕಾಂಗಳು ಇಂಥ ಅಂಕಿಗಳನ್ನು ನಂಬಿ ನಿರ್ಧರಿಸಿದರೆ ತಪ್ಪಿನ ಬೆಲೆ ಗ್ರಾಹಕರ ಬಿಲ್ಲಿಗೆ ಬಂದು ಸೇರುತ್ತದೆ. ಪರೀಕ್ಷೆಯ ದಾರಿ ಕರ್ನಾಟಕಕ್ಕೆ ಸುಲಭ. ನಿರಂತರ ಜ್ಯೋತಿ ಯೋಜನೆ ಹಳ್ಳಿಮನೆಗಳ ಫೀಡರನ್ನು ಪಂಪ್‌ಸೆಟ್ಟಿನ ಫೀಡರಿನಿಂದ ಬೇರ್ಪಡಿಸಿದೆ. ಆ ಫೀಡರುಗಳ ಸಂಜೆ ಆರರಿಂದ ಹತ್ತರವರೆಗಿನ ಹೊರೆ ಬಲ್ಬು ಹಂಚುವ ಮೊದಲು ಎಷ್ಟಿತ್ತು, ಆಮೇಲೆ ಎಷ್ಟಾಯಿತು ಎಂಬುದನ್ನು ಸಬ್‌ಸ್ಟೇಷನ್ನಿನ ದಾಖಲೆಯಿಂದ ತೆಗೆಯಬೇಕು. ಆ ಅವಧಿಯಲ್ಲಿ ಮನೆಗಳಿಗೆ ಬಂದ ಟಿವಿ, ಫ್ರಿಜ್ಜುಗಳ ಪ್ರಭಾವ ಬೇರ್ಪಡಿಸಲು ಕೆಲವು ನೂರು ಮನೆಗಳ ದೀಪಗಳಿಗೆ ಗಂಟೆ ದಾಖಲಿಸುವ ಸಾಧನವನ್ನು ಒಂದು ವರ್ಷ ಕೂರಿಸಬೇಕು. ಮಳೆಗಾಲದ ಮಲೆನಾಡಿನ ಮನೆ, ಬೇಸಿಗೆಯಲ್ಲಿ ಅಂಗಳದಲ್ಲೇ ಸಂಜೆ ಕಳೆಯುವ ಬಯಲುಸೀಮೆಯ ಮನೆ, ಎರಡೂ ಆ ಪಟ್ಟಿಯಲ್ಲಿರಬೇಕು. ಅಲ್ಲಿಯವರೆಗೆ 4,778 ಕೋಟಿಯ ಹಿಂದೆ ‘ಅಂದಾಜು’ ಎಂದು ಬರೆದು, ಹಿಡಿದ ಗಂಟೆ ಎಷ್ಟೆಂದು ಅದರ ಕೆಳಗೇ ಅಚ್ಚುಹಾಕಲಿ.