ಡಿಕ್ರಿ ಬಂತು, ಹೊಲ ಬರಲಿಲ್ಲ

ಹೊಸರಿತ್ತಿಯಲ್ಲಿ ನಮ್ಮ ಖಾಲಾ ಒಬ್ಬರಿದ್ದರು. ತವರಿನ ಹೊಲದಲ್ಲಿ ತಮ್ಮ ಹಿಸ್ಸೆಗಾಗಿ ಅಣ್ಣಂದಿರ ಮೇಲೆ ದಾವೆ ಹೂಡಿ ಗೆದ್ದವರು. ಹಾಗೆ ದಾವೆ ಹೂಡಿದ ಹೆಣ್ಣಿಗೆ ತವರಿನ ಬಾಗಿಲು ಮುಚ್ಚುತ್ತದೆ, ಈದಿಗೆ ಕರೆಯುವವರಿರುವುದಿಲ್ಲ. ಅದನ್ನೆಲ್ಲ ಸಹಿಸಿಯೇ ಗೆದ್ದರು. ತೀರ್ಪು ಬಂದ ದಿನ ಓಣಿಗೆಲ್ಲ ಸಕ್ಕರೆ ಹಂಚಿದರು. ಅವರು ತೀರಿಕೊಂಡಾಗ ಟ್ರಂಕಿನಲ್ಲಿ ನಿಕಾಹನಾಮೆಯ ಜೊತೆ ಡಿಕ್ರಿಯ ನಕಲೂ ಸಿಕ್ಕಿತು. ಹೊಲದಲ್ಲಿ ಆ ವರ್ಷವೂ ಮೆಣಸಿನಕಾಯಿ ಬಿಡಿಸುತ್ತಿದ್ದವರು ಅಣ್ಣನ ಮಕ್ಕಳೇ.

‘ಗೆದ್ದವ ಸೋತ, ಸೋತವ ಸತ್ತ’ ಎನ್ನುತ್ತದೆ ಗಾದೆ. ಅರ್ಧ ಸುಳ್ಳು. ಸೋತವರು ಚೆನ್ನಾಗಿಯೇ ಇದ್ದರು.

ಭಾರತದಲ್ಲಿ ಕಕ್ಷಿದಾರನ ಕಷ್ಟ ಶುರುವಾಗುವುದೇ ಡಿಕ್ರಿ ಸಿಕ್ಕ ಮೇಲೆ ಎಂದು ಲಂಡನ್ನಿನ ಪ್ರಿವಿ ಕೌನ್ಸಿಲ್ 1872ರಷ್ಟು ಹಿಂದೆಯೇ ಹೇಳಿತ್ತು. 2021ರ ಏಪ್ರಿಲ್ 22ರಂದು, ಬೆಂಗಳೂರಿನ ಆಸ್ತಿಯೊಂದರ ವ್ಯಾಜ್ಯದಲ್ಲಿ, ಸುಪ್ರೀಂ ಕೋರ್ಟು ಅಮಲ್ಜಾರಿ ಅರ್ಜಿಗಳನ್ನು ಆರು ತಿಂಗಳೊಳಗೆ ಮುಗಿಸಬೇಕೆಂದು ಆದೇಶಿಸಿತು. ಆಸ್ತಿಯಲ್ಲಿ ಬೇರೆಯವರ ಹಕ್ಕೇನಾದರೂ ಇದೆಯೇ ಎಂದು ದಾವೆಯ ಆರಂಭದಲ್ಲೇ ಕಕ್ಷಿದಾರರನ್ನು ವಿಚಾರಿಸಬೇಕೆಂದೂ ಹೇಳಿತು. ಇದು ಬಹಳ ಒಳ್ಳೆಯ ಮಾತು. ಕೊನೆಗಳಿಗೆಯಲ್ಲಿ ಎಲ್ಲಿಂದಲೋ ಒಬ್ಬ ‘ಗೇಣಿದಾರ’ ಹುಟ್ಟಿಕೊಂಡು ತಕರಾರು ಎತ್ತುವುದನ್ನು ನಾವೆಲ್ಲ ಕಂಡಿದ್ದೇವೆ.

2025ರ ಮಾರ್ಚ್ 6ರಂದು, ತಮಿಳುನಾಡಿನ ಒಂದು ಪ್ರಕರಣದಲ್ಲಿ, ಅದೇ ಮಾತನ್ನು ಇನ್ನಷ್ಟು ಗಡುಸಾಗಿ ಹೇಳಿ, ತಪ್ಪಿದರೆ ಆಯಾ ನ್ಯಾಯಾಧೀಶರೇ ಉತ್ತರ ಕೊಡಬೇಕೆಂದಿತು. ಅಕ್ಟೋಬರ್‌ನಲ್ಲಿ ಲೆಕ್ಕ ತೆಗೆದಾಗ ದೇಶದಲ್ಲಿ ಬಾಕಿ ಇದ್ದ ಅರ್ಜಿಗಳು 8,82,578. ಈ ಲೆಕ್ಕದಲ್ಲಿ ನಮ್ಮ ಕರ್ನಾಟಕ ಇರಲಿಲ್ಲ. ನಮ್ಮ ಹೈಕೋರ್ಟು ಅಂಕಿಅಂಶ ಕಳಿಸಿಲ್ಲವೆಂದು ಪೀಠ ಅಸಮಾಧಾನ ತೋರಿತು. ಬೆಂಗಳೂರಿನ ವ್ಯಾಜ್ಯದಿಂದ ಹುಟ್ಟಿದ ನಿಯಮಕ್ಕೆ ಕರ್ನಾಟಕದ್ದೇ ಲೆಕ್ಕವಿಲ್ಲ!

ನನ್ನ ತಕರಾರು ಬೇರೆಯೇ ಇದೆ. ಹೊಲದ ಪಾಲನ್ನು ಅಳೆದು ಕೊಡುವವರು ನ್ಯಾಯಾಧೀಶರಲ್ಲ. ಕಂದಾಯದ ಜಮೀನಾದರೆ, ಸಿವಿಲ್ ಪ್ರಕ್ರಿಯಾ ಸಂಹಿತೆಯ 54ನೇ ಕಲಮಿನಂತೆ ಕಾಗದ ಜಿಲ್ಲಾಧಿಕಾರಿಗೆ ಹೋಗುತ್ತದೆ. ಅಲ್ಲಿಂದ ತಹಶೀಲ್ದಾರರಿಗೆ, ಅಲ್ಲಿಂದ ಸರ್ವೇಯರಿಗೆ. ಸರ್ವೇಯರ್ ಬರುವ ಹೊತ್ತಿಗೆ ಹೊಲದಲ್ಲಿ ಬೆಳೆ ನಿಂತಿರುತ್ತದೆ, ಇಲ್ಲವೇ ಆತನಿಗೆ ವರ್ಗವಾಗಿರುತ್ತದೆ. ಆರು ತಿಂಗಳ ಗಡಿಯಾರವನ್ನು ಕಟ್ಟಿದ್ದು ನ್ಯಾಯಾಧೀಶರ ಕೈಗೆ. ಅಳತೆಯ ಸರಪಳಿ ಇರುವುದು ಬೇರೆಯವರ ಕೈಯಲ್ಲಿ. ಬೆದರಿದ ನ್ಯಾಯಾಧೀಶರು ಗಡುವಿನ ಸಲುವಾಗಿ ಅರ್ಜಿಯನ್ನೇ ಮುಕ್ತಾಯಗೊಳಿಸಿಬಿಟ್ಟರೆ, ಬಾಕಿಯ ಸಂಖ್ಯೆ ಇಳಿಯುತ್ತದೆ, ಖಾಲಾನ ಹೊಲ ಅಲ್ಲೇ ಇರುತ್ತದೆ.

ಹೊಸರಿತ್ತಿ ಎಂದರೆ ಮೈಲಾರ ಮಹಾದೇವ. 1943ರ ಏಪ್ರಿಲ್ 1ರಂದು ಅಲ್ಲಿ ಬ್ರಿಟಿಷರ ಕಂದಾಯದ ಹಣ ಕಾಯುತ್ತಿದ್ದ ಪೊಲೀಸರ ಗುಂಡಿಗೆ ಅವರು ಬಲಿಯಾದರು. ಕಂದಾಯ ಕಾಯಲು ಆವತ್ತು ಕೇಳದೆಯೇ ಬಂದೂಕು ಬಂದಿತ್ತು. ಡಿಕ್ರಿ ಗೆದ್ದ ಮುದುಕಿ ಮಾತ್ರ ಪೊಲೀಸ್ ಬಂದೋಬಸ್ತಿಗೆ ಬೇರೆಯೇ ಅರ್ಜಿ ಹಾಕಬೇಕು.

ನಮ್ಮ ಕಡೆಯ ಹಳೆಯ ವಕೀಲರು ಇದಕ್ಕೆ ದರಖಾಸ್ತು ಎನ್ನುತ್ತಾರೆ, ಕೋರ್ಟಿನ ಕನ್ನಡದಲ್ಲಿ ಅಮಲ್ಜಾರಿ. ಉರ್ದುವಿನಲ್ಲಿ ಅಮಲ್ ಎಂದರೆ ಕೃತಿ, ಜಾರಿ ಎಂದರೆ ನಡೆಯುತ್ತಿರುವುದು. ಕನ್ನಡದಲ್ಲಿ ಅಮಲು ಎಂದರೆ ನಶೆ, ಜಾರಿ ಎಂದರೆ ಕೈತಪ್ಪಿ. ನಮ್ಮ ವ್ಯವಸ್ಥೆ ಈ ಪದವನ್ನು ಕನ್ನಡದ ಅರ್ಥದಲ್ಲೇ ಓದಿಕೊಂಡಿದೆಯೋ ಏನೋ.

ಖಾಲಾನ ಮಗ ಮೊನ್ನೆ ಫೋನು ಮಾಡಿದ್ದ. “ಆರು ತಿಂಗಳು ಅಂತಾರಲ್ಲ ಭಾಯಿ, ಯಾವತ್ತಿಂದ ಎಣಸೂದು?”

“ಅರ್ಜಿ ಹಾಕಿದ ದಿನದಿಂದ.”

“ಹಾಕಿದಾಕಿ ಅಮ್ಮಾ ಅಲ್ಲ?” ಎಂದ. ಈಗ ವಾರಸುದಾರರ ಹೆಸರು ಸೇರಿಸುವ ಅರ್ಜಿ ನಡೆದಿದೆಯಂತೆ. ಮುಂದಿನ ಮುದ್ದತು ರಂಜಾನ್ ಆದ ಮೇಲೆ.