ಅಭಯರುಚಿ–ಅಭಯಮತಿ: ಮಕ್ಕಳ ಧೈರ್ಯ, ಹಿರಿಯರ ಹೊಣೆ

ದಶಲಕ್ಷಣ ಪರ್ವದ ದಿನಗಳಲ್ಲಿ ಮಕ್ಕಳಿಗೆ ಹೇಳಲು ನಾವು ಆಯ್ದುಕೊಳ್ಳುವ ಕಥೆಗಳಲ್ಲಿ ಅಭಯರುಚಿ ಮತ್ತು ಅಭಯಮತಿಯರ ಕಥೆಯೂ ಒಂದು. ಜನ್ನ ಕವಿಯು ಕ್ರಿ.ಶ. 1209ರಲ್ಲಿ ಪೂರೈಸಿದ ‘ಯಶೋಧರ ಚರಿತೆ’ ತೆರೆದುಕೊಳ್ಳುವುದೇ ಈ ಅಣ್ಣತಂಗಿಯರ ಸಂಕಟದಿಂದ. ಭಿಕ್ಷೆಗೆ ಹೊರಟ ಎಳೆಯರನ್ನು ಬಲಿಗಾಗಿ ಹಿಡಿದು ಚಂಡಮಾರಿಯ ಗುಡಿಗೆ ತರುತ್ತಾರೆ. ಮಾರಿದತ್ತ ರಾಜನು ಕತ್ತಿ ಹಿಡಿದು ನಿಂತಿದ್ದಾನೆ. ಮಕ್ಕಳು ಅಳುಕುವುದಿಲ್ಲ. “ನೀವೂ ಹೀಗೆ ಧೈರ್ಯವಾಗಿರಬೇಕು” ಎಂದು ಹೇಳಿ ನಾವು ಕಥೆಯನ್ನು ಮುಗಿಸಿಬಿಡುತ್ತೇವೆ. ಕಾವ್ಯವನ್ನು ಪೂರ್ತಿಯಾಗಿ ಓದಿದವರಿಗೆ ಇದು ಅರ್ಧ ಕಥೆಯೆಂದು ತಿಳಿದೀತು.

ಈ ಮಕ್ಕಳು ಹಿಂದೆ ಯಶೋಧರ ರಾಜ ಮತ್ತು ಆತನ ತಾಯಿ ಚಂದ್ರಮತಿ. ಚಂದ್ರಮತಿಯು ಮಗನಿಗೆ ಕೇಡು ಬಯಸಿದವಳಲ್ಲ. ಆತನ ಕೆಟ್ಟ ಕನಸಿನ ದೋಷ ಕಳೆಯಲೆಂದೇ ಬಲಿಗೆ ಒತ್ತಾಯಿಸಿದಳು. ಮಗನು ತಾಯಿಯ ಮಾತನ್ನು ಪೂರ್ತಿ ಮೀರಲಾರದೆ ಹಿಟ್ಟಿನ ಕೋಳಿಯನ್ನು ಕಡಿದನು. ಆ ಸಂಕಲ್ಪಹಿಂಸೆಯ ಫಲವಾಗಿ ಇಬ್ಬರೂ ನವಿಲು, ನಾಯಿ ಮೊದಲಾದ ಜನ್ಮಗಳಲ್ಲಿ ನೊಂದು, ಕೊನೆಗೆ ಕೋಳಿಗಳಾಗಿ ಯಶೋಮತಿಯ ಬಾಣಕ್ಕೆ ಸತ್ತು, ಅವನ ಮಕ್ಕಳಾಗಿಯೇ ಹುಟ್ಟಿದರು. ಯಶೋಮತಿಯಾದರೋ ಯಶೋಧರನ ಮಗನೇ! ಕುಟುಂಬವನ್ನು ಜನ್ನನು ಹೀಗೆ ನಿರ್ದಾಕ್ಷಿಣ್ಯವಾಗಿ ನೋಡುತ್ತಾನೆ. ಮನೆಯೆಂದ ಮಾತ್ರಕ್ಕೆ ಅದು ಆಶ್ರಯವಾಗದು. ವಿವೇಕವಿಲ್ಲದ ಮಮತೆಯೂ ಹಿಂಸೆಗೆ ದಾರಿಯಾದೀತು.

ಮಕ್ಕಳ ಧೈರ್ಯವು ಹಲವು ಜನ್ಮಗಳ ನೋವಿನಿಂದ ಬಂದ ಅರಿವು. ಅದನ್ನು ಹತ್ತು ವರ್ಷದ ಸಾಮಾನ್ಯ ಮಗುವಿನಿಂದ ನಿರೀಕ್ಷಿಸುವುದು ನ್ಯಾಯವಲ್ಲ. ಕಾವ್ಯದ ಕೊನೆಯಲ್ಲಿ ಬದಲಾಗುವವನು ಯಾರು? ಕತ್ತಿ ಹಿಡಿದ ಮಾರಿದತ್ತ. ಮಕ್ಕಳ ಸಹನೆಗಿಂತ ಅರಸನ ಮನಃಪರಿವರ್ತನೆಯೇ ಕಥೆಯ ಗುರಿ.

ನಮ್ಮ ಕಾಲದ ಕೃತಿಗಳಿಗೂ ಈ ಒರೆಗಲ್ಲನ್ನು ಹಚ್ಚಬಹುದು. ಕುಂ. ವೀರಭದ್ರಪ್ಪನವರ ಕಥೆಯನ್ನು ಆಧರಿಸಿ ನಮ್ಮ ಮಂಡ್ಯ ಜಿಲ್ಲೆಯವರೇ ಆದ ನಾಗತಿಹಳ್ಳಿ ಚಂದ್ರಶೇಖರ ಅವರು ನಿರ್ದೇಶಿಸಿದ ‘ಕೊಟ್ರೇಶಿ ಕನಸು’ ಚಿತ್ರದಲ್ಲಿ ದಲಿತ ಬಾಲಕನ ಓದುವ ಆಸೆಗೆ ಊರಿನ ಜಾತಿಯ ಗೋಡೆಯೇ ಅಡ್ಡವಾಗುತ್ತದೆ. ಹುಡುಗನ ಛಲ ಮೆಚ್ಚಬೇಕಾದುದೇ. ಆದರೆ ಆ ಛಲವನ್ನು ಮೆಚ್ಚಿ ಗೋಡೆಯನ್ನು ಮರೆತ ಪ್ರೇಕ್ಷಕನು ಚಿತ್ರವನ್ನು ನೋಡಿದಂತಾಗಲಿಲ್ಲ.

ಈ ಮಾತನ್ನು ಬರೆಯುವಾಗ ನನ್ನ ತಪ್ಪನ್ನೂ ಒಪ್ಪಿಕೊಳ್ಳಬೇಕು. 1988ರ ಸುಮಾರಿಗೆ ನಾನು ನಮ್ಮ ಬೆಲ್ಲದ ಮಂಡಿಯ ಲೆಕ್ಕ ನೋಡಿಕೊಳ್ಳುತ್ತಿದ್ದೆ. ತಂದೆಯನ್ನು ಕಳೆದುಕೊಂಡ ಹನ್ನೊಂದರ ಬಾಲಕನೊಬ್ಬ ವೈದ್ಯನಾಥಪುರದಿಂದ ಮದ್ದೂರಿಗೆ ನಡೆದು ಬಂದು ಅಲ್ಲಿ ದುಡಿಯುತ್ತಿದ್ದ. ಒಂದು ದಿನವೂ ಗೊಣಗಲಿಲ್ಲ. “ಗಟ್ಟಿ ಹುಡುಗ” ಎಂದು ಬಂದವರೆದುರು ಹೊಗಳುತ್ತಿದ್ದೆ. ಅವನ ಹೆಸರು ಶಾಲೆಯ ಹಾಜರಿ ಪುಸ್ತಕದಲ್ಲಿಲ್ಲದೆ ನನ್ನ ಕೂಲಿ ಪುಸ್ತಕದಲ್ಲಿ ಏಕಿದೆ ಎಂದು ಕೇಳಿಕೊಳ್ಳಲಿಲ್ಲ. ಅವನ ಮೌನವನ್ನು ನಾನು ಸಂತೋಷವೆಂದು ಓದಿದ್ದೆ. 6ರಿಂದ 14 ವರ್ಷದ ಮಕ್ಕಳ ಶಿಕ್ಷಣವನ್ನು ಹಕ್ಕೆಂದು ವಿಧಿಸಿದ 2009ರ ಕಾಯಿದೆಗೆ ಕಾಯಬೇಕಾದ ಅಗತ್ಯ ಒಬ್ಬ ಶ್ರಾವಕನಿಗೆ ಇರಬಾರದಿತ್ತು.

ಆಹಾರ, ಔಷಧ, ಶಾಸ್ತ್ರ, ಅಭಯ ಎಂಬ ನಾಲ್ಕು ದಾನಗಳಲ್ಲಿ ಅಭಯವೂ ಒಂದು. ಕಥೆಯ ಮಕ್ಕಳಿಬ್ಬರ ಹೆಸರಿನಲ್ಲಿಯೂ ಅದೇ ಪದವಿದೆ. ಪಾಠಶಾಲೆ ನಡೆಸುವ ಬಸದಿಯ ಧರ್ಮದರ್ಶಿಗಳಲ್ಲಿ ನನ್ನದೊಂದು ಬಿನ್ನಹ: ಮಕ್ಕಳಿಗೆ ಈ ಕಥೆಯನ್ನು ಅವಶ್ಯವಾಗಿ ಹೇಳಿಸಿರಿ, ಆದರೆ ಆ ದಿನ ತಂದೆತಾಯಿಯರನ್ನೂ ಅಂಗಡಿಯ ಯಜಮಾನರನ್ನೂ ಜೊತೆಗೆ ಕೂರಿಸಿರಿ. ಅಂಜದಿರುವ ಪಾಠ ಮಕ್ಕಳಿಗಿರಲಿ. ಅಂಜಿಸದಿರುವ ಪಾಠ ನಮಗೆ ಮೊದಲು ಆಗಬೇಕಾಗಿದೆ.