ವನವಾಸವಿಲ್ಲದ ಲೋಕಗಳು: ಭೂಮಿಯಾಚೆಯ ಸಮಾಜವನ್ನು ಕುರಿತ ಮೂರು ಕಾದಂಬರಿಗಳ ಪರಿಶೀಲನೆ

೧

ಭೂಮಿಯನ್ನು ಬಿಟ್ಟು ಹೊರಲೋಕಗಳಲ್ಲಿ ಮನುಷ್ಯನು ನೆಲೆಸುವ ಮಾತು ಬಂದೊಡನೆ ನಮ್ಮ ಗಮನ ಸಾಮಾನ್ಯವಾಗಿ ಯಂತ್ರಗಳ ಕಡೆಗೆ ಹರಿಯುತ್ತದೆ. ರಾಕೆಟ್ಟಿನ ಬಲವೆಷ್ಟು, ಪ್ರಯಾಣ ಎಷ್ಟು ದಿನದ್ದು, ವಿಕಿರಣವನ್ನು ತಡೆಯುವ ಬಗೆ ಯಾವುದು ಎಂಬ ಪ್ರಶ್ನೆಗಳಿಗೆ ವಿಜ್ಞಾನಿಗಳು ಉತ್ತರವನ್ನು ಅರಸುತ್ತಿದ್ದಾರೆ. ಅಲ್ಲಿಗೆ ಹೋದವರು ಒಬ್ಬರೊಡನೊಬ್ಬರು ಹೇಗೆ ಬಾಳಿಯಾರು, ಅವರನ್ನು ಆಳುವವರು ಯಾರು, ಆ ಆಳಿಕೆಯನ್ನು ಒಪ್ಪದವನ ಗತಿಯೇನು ಎಂಬ ಪ್ರಶ್ನೆಗಳನ್ನಾದರೋ ಬಹುಕಾಲದಿಂದ ಕಾದಂಬರಿಕಾರರು ಕೈಗೆತ್ತಿಕೊಂಡಿದ್ದಾರೆ. ಇಂಥ ಕೃತಿಗಳನ್ನು ಹೊತ್ತು ಕಳೆಯುವ ಓದೆಂದು ಬದಿಗೆ ಸರಿಸುವುದು ಸುಲಭ; ಹಾಗೆ ಸರಿಸಿದರೆ ನಷ್ಟ ನಮ್ಮದೇ.

ಈ ಲೇಖನದಲ್ಲಿ ಅಂಥ ಮೂರು ಕೃತಿಗಳನ್ನು ನಾವು ಪರಿಶೀಲನೆಗೆ ತೆಗೆದುಕೊಂಡಿದ್ದೇವೆ: ರೇ ಬ್ರಾಡ್‌ಬರಿಯವರ ‘ದಿ ಮಾರ್ಷಿಯನ್ ಕ್ರಾನಿಕಲ್ಸ್’ (೧೯೫೦), ರಾಬರ್ಟ್ ಹೈನ್‌ಲೈನ್ ಅವರ ‘ದಿ ಮೂನ್ ಈಸ್ ಎ ಹಾರ್ಷ್ ಮಿಸ್ಟ್ರೆಸ್’ (೧೯೬೬), ಉರ್ಸುಲಾ ಲೆ ಗ್ವಿನ್ ಅವರ ‘ದಿ ಡಿಸ್‌ಪಜೆಸ್ಡ್’ (೧೯೭೪). ಮೂವರೂ ಅಮೆರಿಕದ ಲೇಖಕರು. ಇವನ್ನು ಭವಿಷ್ಯವಾಣಿಗಳೆಂದು ಓದಿ, ನಿಜವಾದುದೆಷ್ಟು, ಹುಸಿಯಾದುದೆಷ್ಟು ಎಂದು ಎಣಿಸುವುದು ಒಂದು ಕ್ರಮ. ಅದರಿಂದ ಹೆಚ್ಚಿನ ಫಲವಿಲ್ಲ. ಬ್ರಾಡ್‌ಬರಿಯವರ ಕಥೆಗಳ ಕಾಲ, ಮೊದಲ ಮುದ್ರಣದಂತೆ, ೧೯೯೯ರಲ್ಲಿ ಮೊದಲಾಗಿ ೨೦೨೬ಕ್ಕೆ ಮುಗಿಯುತ್ತದೆ. ಮಂಗಳನ ಮೇಲೆ ಯಂತ್ರಗಳು ಇಳಿದಿವೆಯೇ ಹೊರತು ಮನುಷ್ಯನ ಹೆಜ್ಜೆ ಇನ್ನೂ ಮೂಡಿಲ್ಲ. ಇದರಿಂದ ಕೃತಿಯ ಬೆಲೆ ಕುಂದುವುದಿಲ್ಲ. ಆದುದರಿಂದ ಬೇರೊಂದು ಒರೆಗಲ್ಲು ನಮಗೆ ಅವಶ್ಯಕವಾಗಿದೆ.

೨

ಆ ಒರೆಗಲ್ಲನ್ನು ನಮ್ಮ ಕಾವ್ಯಪರಂಪರೆಯಿಂದಲೇ ತೆಗೆದುಕೊಳ್ಳಬಹುದು. ರಾಮನಿಗೂ ಪಾಂಡವರಿಗೂ ವನವಾಸ ಪ್ರಾಪ್ತವಾಯಿತು. ಅದು ಕಷ್ಟದ ಬಾಳೆಂಬುದರಲ್ಲಿ ಸಂದೇಹವಿಲ್ಲ. ಆದರೂ ಅದು ಬಾಳೇ ಹೌದು. ಅರಣ್ಯವು ಗಾಳಿಗೆ ಬೆಲೆ ಕೇಳುವುದಿಲ್ಲ, ತೊರೆಯು ನೀರಿಗೆ ಲೆಕ್ಕವಿಡುವುದಿಲ್ಲ. ಅರಮನೆಯ ಆಜ್ಞೆಗೆ ಎಲ್ಲೋ ಒಂದು ಎಲ್ಲೆಯಿದೆ, ಅದರಾಚೆಗೂ ಬದುಕುವುದಕ್ಕೆ ಸಾಧ್ಯವಿದೆ ಎಂಬ ಭರವಸೆ ಈ ಕಥೆಗಳ ತಳದಲ್ಲಿದೆ. ಹನ್ನೆರಡನೆಯ ಶತಮಾನದಲ್ಲಿ ಕಲ್ಯಾಣದಲ್ಲಿ ವಿಪ್ಲವವುಂಟಾದಾಗ ಶರಣರ ತಂಡವೊಂದು ಉಳವಿಯ ಕಾಡನ್ನು ಸೇರಿತೆಂದು ಪರಂಪರೆ ಹೇಳುತ್ತದೆ. ಪ್ರಭುತ್ವವನ್ನು ಒಪ್ಪದವರಿಗೆ ಹೊರಟುಹೋಗುವ ದಾರಿಯೊಂದು ತೆರೆದಿತ್ತು. ಪ್ರಭುಗಳೂ ಅದನ್ನು ಬಲ್ಲವರಾಗಿದ್ದರು.

ಭೂಮಿಯಾಚೆಯ ನೆಲೆಗಳಲ್ಲಿ ಈ ದಾರಿ ಮುಚ್ಚಿಹೋಗುತ್ತದೆ. ಒಬ್ಬ ಮನುಷ್ಯನಿಗೆ ದಿನಕ್ಕೆ ಸುಮಾರು ೮೪೦ ಗ್ರಾಂ ಆಮ್ಲಜನಕ ಬೇಕು. ಅಂತರರಾಷ್ಟ್ರೀಯ ಬಾಹ್ಯಾಕಾಶ ನಿಲ್ದಾಣದಲ್ಲಿ ಇದರ ಬಹುಭಾಗವನ್ನು ವಿದ್ಯುತ್ತಿನಿಂದ ನೀರನ್ನು ಒಡೆದು ಪಡೆಯುತ್ತಾರೆ. ಆ ನೀರಾದರೂ ಬೆವರು, ಮೂತ್ರ, ಉಸಿರಿನ ತೇವ ಇವುಗಳಿಂದ ಮತ್ತೆ ಮತ್ತೆ ಶೋಧಿಸಿದ್ದು. ಅಲ್ಲಿ ಗಾಳಿಯು ಪ್ರಕೃತಿಯ ಕೊಡುಗೆಯಲ್ಲ; ಯಂತ್ರದಿಂದ ಸಿದ್ಧವಾದ ಪದಾರ್ಥ. ಸಿದ್ಧವಾದ ಪದಾರ್ಥಕ್ಕೆ ಒಡೆಯನಿರುತ್ತಾನೆ, ಹಂಚುವವನಿರುತ್ತಾನೆ, ನಿಲ್ಲಿಸಬಲ್ಲವನೂ ಇರುತ್ತಾನೆ. ಹೀಗಿರುವಲ್ಲಿ ಒಡಂಬಡದ ಮನುಷ್ಯನು ಎಲ್ಲಿಗೆ ಹೋಗಬೇಕು? ಒಂಟಿತನ, ತವರಿನ ಹಂಬಲ, ಬೇಸರ ಇವೆಲ್ಲ ನಿಜವಾದ ಕಷ್ಟಗಳೇ. ಆದರೆ ಇವು ಹಡಗಿನ ನಾವಿಕನಿಗೂ ಕೋಟೆಯ ಕಾವಲಿನವನಿಗೂ ಗೊತ್ತಿದ್ದವು. ಹೊರಲೋಕದ ಬಾಳಿನಲ್ಲಿ ಹೊಸದಾಗಿ ಹುಟ್ಟುವುದು ವನವಾಸವಿಲ್ಲದಿರುವಿಕೆ. ಲೇಖಕರು ಇದನ್ನು ಎಷ್ಟರಮಟ್ಟಿಗೆ ಕಂಡಿದ್ದಾರೆ ಎಂಬುದೇ ನಮ್ಮ ಒರೆಗಲ್ಲು.

೩

‘ದಿ ಮಾರ್ಷಿಯನ್ ಕ್ರಾನಿಕಲ್ಸ್’ ಒಂದೇ ಕಥೆಯುಳ್ಳ ಕಾದಂಬರಿಯಲ್ಲ. ಬಿಡಿಕಥೆಗಳನ್ನು ಕೋದ ಮಾಲೆ. ವಲಸೆಗಾರನ ಮನಸ್ಸನ್ನು ಚಿತ್ರಿಸುವುದರಲ್ಲಿ ಇದಕ್ಕೆ ಸಮನಾದ ಕೃತಿಗಳು ವಿರಳ. ಮಂಗಳನಿಗೆ ಹೋದವರು ಅಲ್ಲಿನ ಬೆಟ್ಟ ಕಾಲುವೆಗಳಿಗೆ ತಮ್ಮ ಊರಿನ, ತಮ್ಮ ಜನರ ಹೆಸರುಗಳನ್ನಿಡುತ್ತಾರೆ. ಅಲ್ಲಿನ ಮೂಲನಿವಾಸಿಗಳು ಭೂಮಿಯಿಂದ ಬಂದ ಸೀತಾಳೆ ಸಿಡುಬಿಗೆ ಸಿಕ್ಕಿ ಬಹುಮಟ್ಟಿಗೆ ಅಳಿದುಹೋಗುತ್ತಾರೆ. ಇದು ಅಮೆರಿಕ ಖಂಡದ ಚರಿತ್ರೆಯ ಮೇಲೆ ಬರೆದ ಟೀಕೆ ಎಂಬುದನ್ನು ಓದುಗರು ಸುಲಭವಾಗಿ ಗ್ರಹಿಸಬಲ್ಲರು.

ಇಷ್ಟಾದರೂ ನಮ್ಮ ಒರೆಗಲ್ಲಿಗೆ ಹಚ್ಚಿದಾಗ ಕೃತಿಯ ಒಂದು ಕೊರತೆ ಕಾಣುತ್ತದೆ. ಬೆಂಜಮಿನ್ ಡ್ರಿಸ್ಕಾಲ್ ಎಂಬಾತನು ಮಂಗಳನ ತೆಳುಗಾಳಿಗೆ ತಡೆಯಲಾರದೆ ಮೂರ್ಛೆ ಹೋಗುತ್ತಾನೆ. ಅವನನ್ನು ಹಿಂದಕ್ಕೆ ಕಳುಹಿಸುವ ಮಾತು ಬರುತ್ತದೆ. ಅವನು ಹಟ ಹಿಡಿದು ಊರೂರ ದಾರಿಯಲ್ಲಿ ಬೀಜ ಬಿತ್ತುತ್ತಾನೆ. ಒಂದು ರಾತ್ರಿ ಮಳೆ ಬಿದ್ದು, ಬೆಳಗಾಗುವುದರೊಳಗೆ ಮರಗಳ ಸಾಲುಗಳೇ ಎದ್ದು ನಿಂತು ಗಾಳಿಯನ್ನು ತುಂಬುತ್ತವೆ. ಕಥೆ ಮನೋಹರವಾಗಿದೆ. ಆದರೆ ಲೇಖಕರು ಒಂದು ರಾತ್ರಿಯ ಪವಾಡದಿಂದ ಗಾಳಿಯನ್ನು ಮತ್ತೆ ಪ್ರಕೃತಿಯ ಕೈಗೆ ಒಪ್ಪಿಸಿಬಿಟ್ಟರು. ಅಲ್ಲಿಂದ ಮುಂದೆ ಮಂಗಳವು ದೂರದ ಒಂದು ಭೂಖಂಡವಾಗುತ್ತದೆಯೇ ಹೊರತು ಬೇರೊಂದು ಲೋಕವಾಗುವುದಿಲ್ಲ. ಭೂಮಿಯಲ್ಲಿ ಯುದ್ಧ ಹತ್ತಿತೆಂದು ತಿಳಿದಾಗ ವಲಸೆಗಾರರಲ್ಲಿ ಹೆಚ್ಚಿನವರು ಪೆಟ್ಟಿಗೆ ಕಟ್ಟಿಕೊಂಡು ಹಿಂದಿರುಗುತ್ತಾರೆ. ಬರುವ ದಾರಿಯೂ ಹೋಗುವ ದಾರಿಯೂ ತೆರೆದಿರುವಲ್ಲಿ ಅಧಿಕಾರದ ಪ್ರಶ್ನೆ ತೀಕ್ಷ್ಣವಾಗಲಾರದು. ಕೊನೆಯ ಕಥೆಯಲ್ಲಿ ಒಂದು ಕುಟುಂಬ ಹಿಂದಿರುಗುವ ಆಸೆಯನ್ನು ಬಿಟ್ಟು, ಕಾಲುವೆಯ ನೀರಿನಲ್ಲಿ ತನ್ನ ಬಿಂಬವನ್ನೇ ಮಂಗಳನ ಜನರೆಂದು ಕಾಣುತ್ತದೆ. ನಿಜವಾದ ಸಮಾಜದ ಕಥೆ ಮೊದಲಾಗಬೇಕಾದ ಆ ಕ್ಷಣದಲ್ಲಿ ಪುಸ್ತಕ ಮುಗಿಯುತ್ತದೆ.

೪

ಹೈನ್‌ಲೈನ್ ಆ ಸಮಾಜದ ಒಳಗಿನಿಂದಲೇ ಕಥೆಯನ್ನು ಆರಂಭಿಸುತ್ತಾರೆ. ಇಪ್ಪತ್ತೊಂದನೆಯ ಶತಮಾನದ ಉತ್ತರಾರ್ಧದಲ್ಲಿ ಚಂದ್ರನು ಕೈದಿಗಳ ವಸಾಹತು. ಶಿಕ್ಷೆಯ ಅವಧಿ ತೀರಿದರೂ ಅಲ್ಲಿಂದ ಬಿಡುಗಡೆಯಿಲ್ಲ; ಚಂದ್ರನ ಅಲ್ಪ ಗುರುತ್ವಕ್ಕೆ ಒಗ್ಗಿದ ದೇಹವು ಭೂಮಿಯ ಭಾರವನ್ನು ತಾಳಲಾರದು. ಹಿಂದಿರುಗಲು ಬಾರದವರ ಸಮಾಜವನ್ನು ಹೀಗೆ ದೇಹಧರ್ಮದ ಮೇಲೆಯೇ ಕಟ್ಟಿರುವುದು ಲೇಖಕರ ಜಾಣ್ಮೆ. ಅಲ್ಲಿನ ಜನ ಸುರಂಗಗಳಲ್ಲಿ ಗೋಧಿ ಬೆಳೆದು ಭೂಮಿಗೆ ಕಳುಹಿಸುತ್ತಾರೆ. ಅದು ಹೋಗುವುದು ಹಸಿದ ಭಾರತಕ್ಕೆ. ಧಾನ್ಯದೊಡನೆ ಚಂದ್ರನ ನೀರೂ ಹೊರಟುಹೋಗುತ್ತಿದೆ, ಮರಳಿ ಬರುತ್ತಿಲ್ಲ ಎಂಬುದನ್ನು ಬರ್ನಾರ್ಡೊ ಡಿ ಲಾ ಪಾಜ್ ಎಂಬ ಪ್ರೊಫೆಸರು ತೋರಿಸಿಕೊಟ್ಟಾಗ ದಂಗೆಗೆ ಕಾರಣ ದೊರೆಯುತ್ತದೆ. ಮೂರು ಕೃತಿಗಳ ಪೈಕಿ ಜೀವನದ ಲೆಕ್ಕಾಚಾರವನ್ನು ಇಷ್ಟು ಗಟ್ಟಿಯಾಗಿ ಹಿಡಿದದ್ದು ಇದೊಂದೇ.

ಇಲ್ಲಿ ಗಾಳಿಗೆ ಹಣ ಕೊಡಬೇಕು. ನಿರೂಪಕನಾದ ಮ್ಯಾನುಯೆಲ್‌ಗೆ ಅದು ಸಹಜವಾಗಿಯೇ ತೋರುತ್ತದೆ. ಲಿಖಿತವಾದ ಕಾನೂನು ಅಲ್ಲಿಲ್ಲ. ಸಭ್ಯತೆಯನ್ನು ಮೀರಿದವನನ್ನು ಜನರೇ ಹಿಡಿದು ಗಾಳಿಯಿಲ್ಲದ ಹೊರಬಯಲಿಗೆ ತಳ್ಳಿಬಿಡುತ್ತಾರೆ. ಪದ್ಧತಿಯನ್ನರಿಯದೆ ಹುಡುಗಿಯೊಬ್ಬಳನ್ನು ತಬ್ಬಿದ ಪ್ರವಾಸಿಯೊಬ್ಬನನ್ನು ಹೀಗೆ ತಳ್ಳಲು ತರುಣರು ಎಳೆತರುತ್ತಾರೆ. ನಿರೂಪಕನೇ ನ್ಯಾಯಾಧೀಶನಾಗಿ ಕುಳಿತು ದಂಡ ವಿಧಿಸಿ ಅವನನ್ನು ಉಳಿಸುತ್ತಾನೆ. ಪ್ರಸಂಗವನ್ನು ಲೇಖಕರು ವಿನೋದವಾಗಿ ನಡೆಸಿದ್ದಾರೆ. ಗಾಳಿಯ ಭಯದಿಂದ ಜನ ವಿನಯವಂತರಾಗುತ್ತಾರೆಂಬುದು ಅವರ ಇಂಗಿತ. ನಾವು ಇದನ್ನು ಒಪ್ಪಲಾರೆವು. ಆ ದಿನ ವಿವೇಕಿಯಾದ ನ್ಯಾಯಾಧೀಶನು ಸಿಕ್ಕಿದ್ದು ಪ್ರವಾಸಿಯ ಭಾಗ್ಯ. ಅವಿವೇಕಿ ಸಿಕ್ಕಿದ್ದರೆ ಮೇಲ್ಮನವಿಗೆ ಸ್ಥಳವಿಲ್ಲ, ಓಡಿಹೋಗಲು ಕಾಡಿಲ್ಲ. ವಿನಯಕ್ಕೂ ಹೆದರಿಕೆಗೂ ಇರುವ ಅಂತರವನ್ನು ಲೇಖಕರು ಇಲ್ಲಿ ಮರೆಸಿದ್ದಾರೆ.

ಕಾದಂಬರಿಯ ಮುಕ್ತಾಯವಂತೂ ಗಮನಾರ್ಹವಾದುದು. ದಂಗೆ ಗೆದ್ದು ಚಂದ್ರನು ಸ್ವತಂತ್ರನಾಗುತ್ತಾನೆ; ಹೊಸ ಸರ್ಕಾರವು ಕಟ್ಟಳೆಗಳನ್ನು ಹೆಚ್ಚಿಸತೊಡಗುತ್ತದೆ. ಬೇಸತ್ತ ನಿರೂಪಕನು ಕ್ಷುದ್ರಗ್ರಹಗಳ ಕಡೆಗೆ ಹೊರಟುಹೋದರೇನೆಂದು ಯೋಚಿಸುತ್ತಾನೆ. ಅಂದರೆ ಹೈನ್‌ಲೈನ್ ತಮ್ಮ ನಾಯಕನಿಗೆ ಒಂದು ವನವಾಸವನ್ನು ಕಲ್ಪಿಸಿದರು. ಆದರೆ ಅದು ಹೆಸರಿಗೆ ಮಾತ್ರ ವನ. ಅಲ್ಲಿಯೂ ಗಾಳಿಯನ್ನು ತಯಾರಿಸಬೇಕು, ಯಂತ್ರವನ್ನು ಕಾಯಬೇಕು, ಕಾಯುವವರಿಗೆ ಒಬ್ಬ ಯಜಮಾನನಿರಬೇಕು. ಪ್ರಶ್ನೆಯು ಪರಿಹಾರವಾಗಲಿಲ್ಲ, ದೂರಕ್ಕೆ ಸರಿಯಿತು, ಅಷ್ಟೆ.

೫

ಯಜಮಾನನೇ ಇಲ್ಲದಿದ್ದರೆ ಹೇಗೆ? ಲೆ ಗ್ವಿನ್ ಅವರ ಕಾದಂಬರಿ ಈ ಪ್ರಶ್ನೆಯಿಂದ ಹೊರಡುತ್ತದೆ. ಉರಾಸ್, ಅನಾರೆಸ್ ಎಂಬುವು ಒಂದರ ಆಕಾಶದಲ್ಲಿ ಇನ್ನೊಂದು ಚಂದ್ರನಂತೆ ಕಾಣುವ ಜೋಡಿ ಲೋಕಗಳು. ಸಮೃದ್ಧವಾದ ಉರಾಸನ್ನು ತೊರೆದು ಒಡೋ ಎಂಬ ಚಿಂತಕಿಯ ಅನುಯಾಯಿಗಳು ಬರಡಾದ ಅನಾರೆಸಿನಲ್ಲಿ ನೆಲೆಸಿ ಒಂದೂವರೆ ಶತಮಾನಕ್ಕೂ ಮಿಗಿಲಾಗಿದೆ. ಅಲ್ಲಿ ಆಸ್ತಿಯಿಲ್ಲ, ಸರ್ಕಾರವಿಲ್ಲ, ಸೆರೆಮನೆಯಿಲ್ಲ. ಗಾಳಿ ತೆಳುವಾದರೂ ಉಸಿರಾಡಲು ಬರುತ್ತದೆ; ಕೊರತೆಯಿರುವುದು ನೀರಿಗೆ, ಅನ್ನಕ್ಕೆ. ಇಷ್ಟರಿಂದ ನಮ್ಮ ಪ್ರಶ್ನೆ ಸಡಿಲವಾಗುವುದಿಲ್ಲ, ಏಕೆಂದರೆ ಒಂಟಿಯಾಗಿ ಹೊರಟವನನ್ನು ಆ ಮರುಭೂಮಿ ಸಾಕಲಾರದು.

ಬರಗಾಲ ಬಂದಾಗ ಕಥಾನಾಯಕನಾದ ಭೌತವಿಜ್ಞಾನಿ ಶೆವೆಕ್ ಮತ್ತು ಅವನ ಸಂಗಾತಿ ಟಾಕ್ವರ್ ಬೇರೆ ಬೇರೆ ಕೆಲಸಗಳಿಗೆ ನೇಮಿತರಾಗಿ ನಾಲ್ಕು ವರ್ಷ ಅಗಲಿರುತ್ತಾರೆ. ಯಾರೂ ಅವರನ್ನು ಬಲಾತ್ಕರಿಸಲಿಲ್ಲ; ಒಲ್ಲೆನೆನ್ನುವುದು ಮಾತ್ರ ಅವರಿಂದ ಸಾಧ್ಯವಾಗಲಿಲ್ಲ. ಸಬುಲ್ ಎಂಬ ಹಿರಿಯ ವಿದ್ವಾಂಸನು ಶೆವೆಕ್‌ನ ಸಂಶೋಧನೆಯ ಪ್ರಕಟಣೆಗೆ ಅಡ್ಡ ಬರುತ್ತಾನೆ. ಅವನಿಗೆ ಅಧಿಕಾರವೆಂಬುದಿಲ್ಲ, ಆದರೂ ಅವನ ಮಾತು ನಡೆಯುತ್ತದೆ. ಟಿರಿನ್ ಎಂಬ ಗೆಳೆಯನು ಒಂದು ವ್ಯಂಗ್ಯ ನಾಟಕ ಬರೆದು ಸಾರ್ವಜನಿಕ ಖಂಡನೆಗೆ ಗುರಿಯಾಗುತ್ತಾನೆ. ಕೊನೆಗೆ ಮನೋರೋಗಿಗಳ ಆಶ್ರಯಸ್ಥಾನವನ್ನು ಸೇರುತ್ತಾನೆ. ಅವನನ್ನು ಶಿಕ್ಷಿಸಿದವರು ಯಾರೆಂದು ಕೇಳಿದರೆ ಬೆರಳು ತೋರಿಸಲು ಒಬ್ಬನೂ ಸಿಕ್ಕುವುದಿಲ್ಲ. ಒಡೆಯನನ್ನು ತೆಗೆದುಹಾಕಿದಲ್ಲಿ ನೆರೆಯವರ ಅಭಿಪ್ರಾಯವೇ ಒಡೆತನವಾಗಿ ಬೆಳೆಯುತ್ತದೆಂಬುದನ್ನು ಇಷ್ಟು ಸೂಕ್ಷ್ಮವಾಗಿ, ಆ ಸಮಾಜದ ಮೇಲಣ ಪ್ರೀತಿಯನ್ನೂ ಕಳೆದುಕೊಳ್ಳದೆ, ಚಿತ್ರಿಸಿದ ಕಾದಂಬರಿ ಈ ಪ್ರಕಾರದಲ್ಲಿ ಬೇರೊಂದಿಲ್ಲವೆಂದು ನಮ್ಮ ಅಭಿಪ್ರಾಯ.

ಅನಾರೆಸಿನ ನೌಕಾನಿಲ್ದಾಣದ ಸುತ್ತ ಒಂದು ಗೋಡೆಯಿದೆ. ಶೆವೆಕ್ ಹೊರಡುವ ದಿನ ಜನ ಅಲ್ಲಿ ಗುಂಪು ಕೂಡಿ ಅವನನ್ನು ದ್ರೋಹಿಯೆಂದು ಕೂಗುತ್ತಾರೆ. ಎಸೆದ ಕಲ್ಲಿಗೆ ಕಾವಲು ತಂಡದ ಒಬ್ಬರು ಬಲಿಯಾಗುತ್ತಾರೆ. ಆದರೂ ಅವನು ಹೊರಡುತ್ತಾನೆ ಮತ್ತು ಹಿಂದಿರುಗುತ್ತಾನೆ. ಹಿಂದಿರುಗುವಾಗ ಬೇರೊಂದು ಲೋಕದವನೊಬ್ಬನು ಅನಾರೆಸನ್ನು ನೋಡಬಯಸಿ ಅವನೊಡನೆ ಬರುತ್ತಾನೆ. ಬ್ರಾಡ್‌ಬರಿಯವರಲ್ಲಿ ದಾರಿ ಸುಮ್ಮನೆ ತೆರೆದಿತ್ತು. ಹೈನ್‌ಲೈನ್ ಅವರಲ್ಲಿ ಮುಚ್ಚಿತ್ತು. ಇಲ್ಲಿ ಅದನ್ನು ಜನರೇ ಮುಚ್ಚಿದ್ದರು, ಒಬ್ಬನು ಬೆಲೆ ತೆತ್ತು ತೆರೆದನು. ಈ ಕಾರಣದಿಂದ ಮೂರರಲ್ಲಿ ಲೆ ಗ್ವಿನ್ ಅವರ ಕೃತಿಗೆ ನಾವು ಅಗ್ರಸ್ಥಾನವನ್ನು ಕೊಡುತ್ತೇವೆ.

೬

ಕಾದಂಬರಿಗಳ ಮಾತನ್ನು ನಡೆದ ಸಂಗತಿಗಳೊಡನೆ ಹೋಲಿಸಿ ನೋಡುವುದು ಉಚಿತ. ೧೯೭೩-೭೪ರಲ್ಲಿ ಸ್ಕೈಲ್ಯಾಬ್ ನಿಲ್ದಾಣದಲ್ಲಿ ೮೪ ದಿನ ಕಳೆದ ಮೂವರು ‘ಮುಷ್ಕರ’ ಹೂಡಿದರೆಂಬ ಕಥೆ ಪ್ರಚಾರದಲ್ಲಿದೆ. ದಾಖಲೆಗಳು ಹೇಳುವುದು ಬೇರೆ. ಕೆಲಸದ ಹೊರೆ ಅತಿಯಾಯಿತೆಂದು ಅವರು ಭೂಕೇಂದ್ರಕ್ಕೆ ತಿಳಿಸಿದರು. ೧೯೭೩ರ ಡಿಸೆಂಬರ್ ಕೊನೆಯಲ್ಲಿ ಮನಬಿಚ್ಚಿ ಮಾತುಕತೆ ನಡೆಯಿತು. ವಿರಾಮದ ವೇಳೆ ದೊರೆಯಿತು. ಇದು ಸಾಧ್ಯವಾದದ್ದು ಆಲಿಸುವ ಕಿವಿಯೊಂದು ಇದ್ದುದರಿಂದ.

ಅಮೆರಿಕದ ಅರಿಜೋನದಲ್ಲಿ ೧೯೯೧ರಿಂದ ೧೯೯೩ರವರೆಗೆ ಎಂಟು ಜನ ‘ಬಯೋಸ್ಫಿಯರ್ ೨’ ಎಂಬ ಮುಚ್ಚಿದ ಗಾಜಿನ ಆವರಣದೊಳಗೆ ಎರಡು ವರ್ಷ ಬಾಳಿದರು. ಮಣ್ಣಿನ ಸೂಕ್ಷ್ಮಜೀವಿಗಳ ಉಸಿರಾಟದಿಂದಾಗಿ ಒಳಗಿನ ಆಮ್ಲಜನಕವು ಶೇಕಡಾ ೨೧ರಿಂದ ಸುಮಾರು ೧೪ಕ್ಕೆ ಇಳಿಯಿತು. ಎಂಟು ಜನರೂ ನಾಲ್ವರಂತೆ ಎರಡು ಪಕ್ಷವಾದರು. ಕೊನೆಗೆ ಹೊರಗಿನಿಂದ ಆಮ್ಲಜನಕವನ್ನು ತುಂಬಬೇಕಾಯಿತು. ಗಾಜಿನಾಚೆ ಭೂಮಿಯ ಗಾಳಿಯಿತ್ತು. ಮಂಗಳನ ಮೇಲೆ ಅದಿರುವುದಿಲ್ಲ.

ಮೂರನೆಯದು ಸೆರ್ಗೆಯ್ ಕ್ರಿಕಾಲ್ಯೊವ್ ಅವರ ಪ್ರಸಂಗ. ೧೯೯೧ರ ಮೇ ತಿಂಗಳಲ್ಲಿ ಮೀರ್ ನಿಲ್ದಾಣಕ್ಕೆ ಹೋದ ಅವರು ೧೯೯೨ರ ಮಾರ್ಚಿಯಲ್ಲಿ, ೩೧೧ ದಿನಗಳ ತರುವಾಯ, ಇಳಿದು ಬಂದರು. ಅಷ್ಟರಲ್ಲಿ ಅವರನ್ನು ಕಳುಹಿಸಿದ ಸೋವಿಯತ್ ಒಕ್ಕೂಟವೇ ಇಲ್ಲವಾಗಿತ್ತು. ಹಿಂದಿರುಗುವ ನೌಕೆ ನಿಲ್ದಾಣಕ್ಕೆ ಜೋಡಿಸಿಕೊಂಡೇ ಇದ್ದಿತು, ದಾರಿ ಮುಚ್ಚಿರಲಿಲ್ಲ. ನಿಲ್ದಾಣವನ್ನು ಬಿಟ್ಟುಬರಬಾರದೆಂಬ ಕರ್ತವ್ಯವೇ ಅವರನ್ನು ಹಿಡಿದಿಟ್ಟಿತು. ಶೆವೆಕ್ ಮತ್ತು ಟಾಕ್ವರ್ ಅವರ ನಾಲ್ಕು ವರ್ಷಗಳ ಅಗಲಿಕೆ ಇಲ್ಲಿ ನೆನಪಿಗೆ ಬಾರದಿರದು.

೭

ಈ ಪ್ರಶ್ನೆಗಳು ಪರದೇಶದವರಿಗೆ ಮಾತ್ರ ಸೇರಿದುವಲ್ಲ. ೨೦೨೫ರಲ್ಲಿ ಶುಭಾಂಶು ಶುಕ್ಲಾ ಅವರು ಅಂತರರಾಷ್ಟ್ರೀಯ ನಿಲ್ದಾಣದಲ್ಲಿ ಇದ್ದಾಗ, ಧಾರವಾಡದ ವಿದ್ಯಾಸಂಸ್ಥೆಗಳು ರೂಪಿಸಿದ ಪ್ರಯೋಗಕ್ಕಾಗಿ ಹೆಸರು, ಮೆಂತ್ಯದ ಕಾಳುಗಳನ್ನು ಅಲ್ಲಿ ಮೊಳಕೆ ಬರಿಸಿದರು. ೨೦೩೫ರ ವೇಳೆಗೆ ಸ್ವಂತ ನಿಲ್ದಾಣವನ್ನು ಸ್ಥಾಪಿಸುವ ಗುರಿಯನ್ನು ಭಾರತ ಸರ್ಕಾರ ಇಟ್ಟುಕೊಂಡಿದೆ. ಇನ್ನು ಕಾನೂನಿನ ಮಾತು: ೧೯೬೭ರ ಬಾಹ್ಯಾಕಾಶ ಒಡಂಬಡಿಕೆಯು ಯಾವ ರಾಷ್ಟ್ರವೂ ಚಂದ್ರನನ್ನಾಗಲಿ ಗ್ರಹಗಳನ್ನಾಗಲಿ ತನ್ನದೆನ್ನಬಾರದೆಂದು ವಿಧಿಸುತ್ತದೆ, ನೌಕೆಯ ಮೇಲೂ ಅದರಲ್ಲಿರುವವರ ಮೇಲೂ ನೋಂದಾಯಿಸಿದ ರಾಷ್ಟ್ರದ ಅಧಿಕಾರವನ್ನು ಉಳಿಸುತ್ತದೆ. ಗಾಳಿಯನ್ನು ನಡೆಸುವವನಿಗೂ ಅದನ್ನು ಉಸಿರಾಡುವವನಿಗೂ ನಡುವಣ ನ್ಯಾಯ ಯಾವುದೆಂಬ ವಿಷಯದಲ್ಲಿ ಅದು ಮೌನವಾಗಿದೆ. ರಾಷ್ಟ್ರ ರಾಷ್ಟ್ರಗಳ ನಡುವಣ ಒಪ್ಪಂದದಿಂದ ಅದನ್ನು ನಿರೀಕ್ಷಿಸುವುದೂ ಕಷ್ಟ.

ಆ ಮೌನದ ಎಡೆಯಲ್ಲಿ ಸಾಹಿತ್ಯವು ಮಾತನಾಡಿದೆ. ಮೂರು ಕೃತಿಗಳೂ ಸೇರಿ ನಮಗೆ ಕಲಿಸುವುದಿಷ್ಟು: ಹೊರಲೋಕದ ನೆಲೆಯನ್ನು ಕಟ್ಟುವವರು ಗಾಳಿಯ ಯಂತ್ರದೊಡನೆ, ಆ ಯಂತ್ರವನ್ನು ಕಾಯುವವರನ್ನು ಪ್ರಶ್ನಿಸುವ ಹಕ್ಕನ್ನೂ, ಒಲ್ಲದವನು ಹಿಂದಿರುಗುವ ನೌಕೆಯನ್ನೂ ಮೊದಲ ದಿನದಿಂದಲೇ ಸಿದ್ಧವಾಗಿಡಬೇಕು. ಕನ್ನಡದಲ್ಲಿ ಈ ವಸ್ತುವನ್ನು ಮುಂದೆ ಎತ್ತಿಕೊಳ್ಳುವ ಲೇಖಕರಿಗೆ ವನವಾಸದ ಪರಂಪರೆಯು ಒಂದು ದೊಡ್ಡ ಆಸರೆ. ಕಾಡಿನ ಬೆಲೆಯನ್ನು ಬಲ್ಲ ಕಾವ್ಯವನ್ನು ಓದಿ ಬೆಳೆದವರಿಗೆ ಕಾಡಿಲ್ಲದ ಲೋಕದ ಕಷ್ಟ ಬೇಗನೆ ತಿಳಿದೀತು.